ನಾಯಿ ಗುರುಗುಟ್ಟಿದಾಗ

“ಬೊಗಳುವ ನಾಯಿ ಕಚ್ಚುವುದಿಲ್ಲ” ಎಂದು ಗಾದೆ ಕಟ್ಟಿದ ನಮ್ಮ ಹಿರಿಯರು, ಗುರುಗುಟ್ಟುವ ನಾಯಿಯ ವಿಷಯದಲ್ಲಿ ಅಂಥ ಭರವಸೆ ಕೊಟ್ಟಂತೆ ಕಾಣೆ. ಬೊಗಳುವುದು ಊರಿಗೆಲ್ಲ ಕೇಳಿಸಲೆಂದು. ಗುರುಗುಟ್ಟುವುದು ಎದುರಿಗೆ ನಿಂತ ಒಬ್ಬನಿಗಾಗಿ. ನಾಯಿಯ ದನಿಯನ್ನು ಹೇಳಲು ಕನ್ನಡಕ್ಕೆ ಮಾತಿನ ಬಡತನವಿಲ್ಲ: ಅದು ಬೊಗಳುತ್ತದೆ, ಊಳಿಡುತ್ತದೆ, ಕುಂಯ್‌ಗುಡುತ್ತದೆ, ಗುರುಗುಟ್ಟುತ್ತದೆ. ಮೊದಲಿನ ಮೂರನ್ನು ನಾವು ಹೇಗೋ ಸಹಿಸಿಕೊಳ್ಳುತ್ತೇವೆ. ನಾಲ್ಕನೆಯದು ಮಾತ್ರ ಅಪರಾಧವೆಂದೇ ನಮ್ಮ ತೀರ್ಪು. ಅನ್ನ ಹಾಕಿದವನನ್ನು ನೋಡಿ ಗುರ್ರೆಂದರೆ ಕೃತಘ್ನತೆ. ಏನೂ ಮಾಡದವನನ್ನು ನೋಡಿ ಗುರ್ರೆಂದರೆ ದುಷ್ಟತನ. ಈ ತೀರ್ಪು ನ್ಯಾಯವಾದುದೇ ಎಂದು ಸ್ವಲ್ಪ ವಿಚಾರಿಸಬೇಕೆಂದು ನನಗೆ ತೋರಿದ್ದು ದೋರನಹಳ್ಳಿಯಲ್ಲಿ.

ದೋರನಹಳ್ಳಿ ಶಹಾಪುರ ತಾಲ್ಲೂಕಿನ ಊರು. ಶಹಾಪುರದಿಂದ ಯಾದಗಿರಿಗೆ ಹೋಗುವ ಹಾದಿಯಲ್ಲಿದೆ. ಅಲ್ಲಿಯ ಸ್ನೇಹಿತರೊಬ್ಬರ ಹೊಲಕ್ಕೆ ಹತ್ತಿ ಬಿಡಿಸಿ ಮುಗಿದ ದಿನಗಳಲ್ಲಿ ಒಮ್ಮೆ ಹೋಗಿದ್ದೆ. ಗೊಬ್ಬರಕ್ಕೆಂದು ಹೊಲದಲ್ಲಿ ಕುರಿಹಿಂಡು ನಿಲ್ಲಿಸಿದ್ದರು. ಹಿಂಡಿನ ಪಕ್ಕದಲ್ಲಿ ಒಂದು ಕಂದುಬಣ್ಣದ ನಾಯಿ ಮಲಗಿತ್ತು. ಎಡಗಿವಿಯ ತುದಿ ಹರಿದುಹೋಗಿತ್ತು. ನಾನು ಹತ್ತಿರದಿಂದಲೇ ದಾಟಿದೆ. ಅದು ಸುಮ್ಮನೆ ನೋಡಿತು, ಒಂದೆರಡು ಬಾರಿ ಬಾಲವನ್ನೂ ಅಲ್ಲಾಡಿಸಿತು. ಅಷ್ಟರಲ್ಲಿ ಎರೆಮಣ್ಣಿನ ಹೆಂಟೆಗೆ ಸಿಕ್ಕಿ ನನ್ನ ಚಪ್ಪಲಿಯ ಉಂಗುಟ ಕಿತ್ತುಬಂತು. ಸರಿಮಾಡಿಕೊಳ್ಳಲೆಂದು ಬಾಗಿದೆ. ಬೆನ್ನ ಹಿಂದೆ ಗುರ್ರೆಂಬ ದನಿ ಎದ್ದಿತು. ತಿರುಗಿ ನೋಡಿದರೆ ಅದೇ ನಾಯಿ ನಾಲ್ಕೂ ಕಾಲುಗಳನ್ನು ನೆಲಕ್ಕೆ ಊರಿ ನಿಂತಿದೆ, ತುಟಿ ಮೇಲಕ್ಕೆ ಸರಿದಿದೆ.

“ಮ್ಯಾಲೆ ಏಳ್ರಿ ಸರ, ಕೈ ತೋರಿಸ್ರಿ ಅದಕ್ಕ. ಬರೀ ಕೈ ಅಂತ ಗೊತ್ತಾಗ್ಲಿ” ಎಂದ ಕುರಿ ಕಾಯುವ ಮುದುಕ. ಎದ್ದು ನಿಂತು ಎರಡೂ ಅಂಗೈಗಳನ್ನು ಬಿಚ್ಚಿ ತೋರಿಸಿದೆ. ದನಿ ಮೆಲ್ಲಗೆ ಇಳಿಯಿತು. ನಾಯಿ ಮತ್ತೆ ಮಲಗಿತು.

“ನನ್ನ ಮ್ಯಾಲೆ ಯಾಕ ಸಿಟ್ಟು ಮುತ್ಯಾ ಇದಕ್ಕ?” ಎಂದು ಕೇಳಿದೆ.

“ನಿಮ್ಮ ಮ್ಯಾಲೆ ಅಲ್ರಿ. ನೆಲಕ್ಕ ಹೋದ ಕೈ ಮ್ಯಾಲೆ. ಮರಿ ಇದ್ದಾಗ ಯಾವ್ದೋ ಊರಾಗ ಹುಡುಗ್ರು ಕಲ್ಲಿಲೆ ಜಜ್ಜಿ ಹಾಕಿದ್ರು. ರಸ್ತೆ ಮಗ್ಗಲಿಗೆ ಬಿದ್ದಿತ್ತು, ತಂದು ಸಾಕೀನಿ.”

“ಗುರ್ ಅಂದಾಗ ಹೊಡೆದು ಬಿಡಿಸಲಿಲ್ಲೇನು?”

ಮುದುಕ ನನ್ನನ್ನು ವಿಚಿತ್ರವಾಗಿ ನೋಡಿದ. “ಯಾಕ ಹೊಡೀಬೇಕ್ರಿ? ಗುರ್ ಅಂದ್ರ ಅದು ಹೇಳಾಕತ್ತದ. ಹೇಳೋದು ಬಿಡಿಸಿದ್ರ ಕಡಿಯೋದು ಒಂದೇ ಉಳೀತದ.”

ಈ ಮಾತು ನನ್ನ ಪಾಲಿಗೆ ಮೂವತ್ತು ವರ್ಷ ತಡವಾಗಿ ಬಂದಿತು. ಏಕೆಂದರೆ ಹೊಡೆದು ಬಿಡಿಸಿದವನು ನಾನೇ.

ನನಗೆ ಆಗ ಹನ್ನೆರಡು ವರ್ಷ. ನಮ್ಮ ಮನೆಗೆ ಕರಿಯ ಎಂಬ ನಾಯಿ ಬೆಳೆದ ಮೇಲೆ ಬಂದು ಸೇರಿತ್ತು. ಮೊದಲು ಎಲ್ಲಿತ್ತೋ ಯಾರೂ ಬಲ್ಲವರಿಲ್ಲ. ಕತ್ತಿನ ಸುತ್ತ ಹಗ್ಗ ಕೊರೆದ ಗಾಯ ಮಾತ್ರ ಕೂದಲು ಬಾರದೆ ಬೋಳಾಗಿ ಉಳಿದಿತ್ತು. ಎಲ್ಲ ವಿಧದಲ್ಲೂ ಸಾಧು. ಆದರೆ ಯಾರಾದರೂ ಕತ್ತಿಗೆ ಕೈ ಹಾಕಿದರೆ ಗುರ್ರೆನ್ನುತ್ತಿತ್ತು. ಅದು ನನಗೆ ಅವಮಾನವೆನಿಸಿತು. ನಮ್ಮ ಅನ್ನ ತಿಂದು ನಮಗೇ ಗುರ್ರೆನ್ನುವುದೆಂದರೇನು? ಹುಣಸೆಯ ಬರಲು ಹಿಡಿದು, ಗುರ್ರೆಂದಾಗಲೆಲ್ಲ ಹೊಡೆದೆ. ಎರಡು ತಿಂಗಳಲ್ಲಿ ಕರಿಯ ಗುರುಗುಟ್ಟುವುದನ್ನು ಬಿಟ್ಟಿತು. “ಹುಡುಗ ನಾಯೀನ ದಾರಿಗೆ ತಂದ” ಎಂದು ಮನೆಯಲ್ಲಿ ಮೆಚ್ಚಿಕೊಂಡರು.

ಒಂದು ಮಧ್ಯಾಹ್ನ ನೆರೆಮನೆಯ ಐದು ವರ್ಷದ ಹುಡುಗಿ ಮುದ್ದಿನಿಂದ ಅದರ ಕತ್ತನ್ನು ತಬ್ಬಿಕೊಂಡಳು. ಕರಿಯ ಸದ್ದಿಲ್ಲದೆ ಅವಳ ಕೆನ್ನೆಗೆ ಬಾಯಿ ಹಾಕಿತು. ಆ ಕಾಲದಲ್ಲಿ ನಾಯಿ ಕಚ್ಚಿದರೆ ಹೊಟ್ಟೆಗೆ ಹದಿನಾಲ್ಕು ಸೂಜಿ. ಆ ಮಗು ದಿನವೂ ಆಸ್ಪತ್ರೆಯ ಹಾದಿ ಹಿಡಿಯುವಾಗ ಅಳುತ್ತಿದ್ದುದು ನಮ್ಮ ಮನೆಗೆ ಕೇಳಿಸುತ್ತಿತ್ತು. ದೊಡ್ಡವರು ಕರಿಯನನ್ನು ಊರ ಹೊರಗೆ ಕರೆದೊಯ್ದರು. ಬರುವಾಗ ಕೈಯಲ್ಲಿ ಹಗ್ಗ ಮಾತ್ರ ಇತ್ತು. “ಒಂದು ಸುಳಿವೂ ಕೊಡದೆ ಕಚ್ಚಿತಲ್ಲ, ಎಂಥ ಕಪಟಿ ನಾಯಿ!” ಎಂದು ಓಣಿಯವರೆಲ್ಲ ಅಂದರು. ಸುಳಿವು ಕೊಡುವ ಬಾಯನ್ನು ಮುಚ್ಚಿಸಿದವರು ಯಾರೆಂದು ನನಗೊಬ್ಬನಿಗೆ ಗೊತ್ತಿತ್ತು. ನಾನು ಹೇಳಲಿಲ್ಲ.

ಹಳೆಯ ಪೆಟ್ಟು ನಾಯಿಯಲ್ಲಿ ಹೇಗೆ ಉಳಿಯುತ್ತದೆ? ರಷ್ಯದ ವಿಜ್ಞಾನಿ ಪಾವ್ಲೋವನ ಪ್ರಯೋಗಶಾಲೆಯಲ್ಲಿ ನಡೆದ ಒಂದು ಸಂಗತಿ ಇದಕ್ಕೆ ಒಳ್ಳೆಯ ನಿದರ್ಶನ. 1924ರ ಸೆಪ್ಟೆಂಬರಿನಲ್ಲಿ ಲೆನಿನ್‌ಗ್ರಾಡ್ ನಗರಕ್ಕೆ ಮಹಾಪೂರ ಬಂತು. ನಾಯಿಗಳಿದ್ದ ಗೂಡುಗಳಿಗೆ ನೀರು ನುಗ್ಗಿತು. ಬಾಗಿಲುಗಳು ತಗ್ಗಾಗಿದ್ದುದರಿಂದ, ಆಳುಗಳು ಈಜಿ ಹೋಗಿ ಒಂದೊಂದು ನಾಯಿಯ ತಲೆಯನ್ನೂ ನೀರಿನೊಳಗೆ ಅದುಮಿ ಹೊರಗೆಳೆಯಬೇಕಾಯಿತು. ಜೀವವೇನೋ ಉಳಿಯಿತು. ಆದರೆ ಕೆಲವು ನಾಯಿಗಳು ಮೊದಲು ಕಲಿತದ್ದನ್ನೆಲ್ಲ ಮರೆತಿದ್ದವು. ವಾರಗಟ್ಟಲೆ ಆರೈಕೆ ಮಾಡಿ ಅವನ್ನು ಮೊದಲಿನ ಸ್ಥಿತಿಗೆ ತಂದ ಮೇಲೆಯೂ, ಕೋಣೆಯ ಬಾಗಿಲ ಸಂದಿಯಿಂದ ಒಂದಿಷ್ಟು ನೀರು ಹರಿದುಬಂದರೆ ಸಾಕು, ಹಳೆಯ ಭಯ ಹಾಗೆಯೇ ಮರಳುತ್ತಿತ್ತು. ಭಯ ಇಳಿದದ್ದು ನಿಜ, ಅಳಿದಿರಲಿಲ್ಲ.

ದೋರನಹಳ್ಳಿಯ ನಾಯಿಗೆ ನೆಲಕ್ಕೆ ಬಾಗುವ ಕೈಯೇ ಬಾಗಿಲ ಸಂದಿಯ ನೀರು. ಅದಕ್ಕೆ ಪೆಟ್ಟು ಕೊಟ್ಟವರ ಮುಖ ನೆನಪಿದೆಯೋ ಇಲ್ಲವೋ, ಪೆಟ್ಟಿಗೆ ಮುಂಚಿನ ಗಳಿಗೆ ನೆನಪಿದೆ. ಆದ್ದರಿಂದಲೇ ಅದರ ದನಿ ನನಗೆ ಅನ್ಯಾಯವಾಗಿ ಕೇಳಿಸಿತು. ಯಾರೋ ಮಾಡಿದ ಸಾಲಕ್ಕೆ ನಾನು ಜಾಮೀನು ನಿಂತಂತೆ! ಆದರೆ ನಾಯಿಯ ಕಡೆಯಿಂದ ನೋಡಿದರೆ ಅದು ಆರೋಪವಲ್ಲ, ಪ್ರಶ್ನೆ: ನೀನೂ ಅವರಂಥವನೇ?

ಗುರುಗುಟ್ಟುವುದು ಮಾತೇ ಎಂದು ಸಂಶಯಪಡುವವರಿಗೆ, ಹಂಗೇರಿಯ ಬುಡಾಪೆಸ್ಟ್ ನಗರದ ವಿದ್ವಾಂಸರು 2010ರಲ್ಲಿ ಪ್ರಕಟಿಸಿದ ಪ್ರಯೋಗವೊಂದು ಉತ್ತರ ಹೇಳುತ್ತದೆ. ಎಲುಬನ್ನು ಕಾಯುವಾಗಿನ, ಅಪರಿಚಿತನನ್ನು ಕಂಡಾಗಿನ, ಆಟದಲ್ಲಿನ ಗುರುಗುಟ್ಟುಗಳನ್ನು ಅವರು ಧ್ವನಿಮುದ್ರಿಸಿಕೊಂಡರು. ಎಲುಬಿನ ಕಡೆಗೆ ಬರುತ್ತಿರುವ ನಾಯಿಗೆ ಅವನ್ನು ಕೇಳಿಸಿದಾಗ, ಎಲುಬು ಕಾಯುವ ದನಿಗೇ ಅದು ಹೆಚ್ಚಾಗಿ ಹಿಂಜರಿಯಿತು. ನಾಯಿಗೆ ನಾಯಿಯ ಮಾತು ತಿಳಿಯುತ್ತದೆ, ತಿಳಿಯದವರು ನಾವು. ಮೈಲಾರಲಿಂಗನ ಗೊರವರು ದೋಣಿಯಲ್ಲಿಟ್ಟ ಹಾಲುಹಣ್ಣಿಗೆ ನಾಯಿಗಳಂತೆ ಗುರುಗುಟ್ಟುತ್ತ ಬಾಯಿ ಹಾಕುವುದನ್ನು ನಾವು ಸೇವೆಯೆಂದು ಕೈಮುಗಿದು ನೋಡುತ್ತೇವೆ. ನಿಜವಾದ ನಾಯಿ ತನ್ನ ತಣಿಗೆಯ ಮುಂದೆ ಹಾಗೆಂದರೆ ಕೋಲು ಹುಡುಕುತ್ತೇವೆ. ಆತಕೂರಿನ ಶಾಸನ ಹೇಳುವ, ಹತ್ತನೆಯ ಶತಮಾನದ ‘ಕಾಳಿ’ ಎಂಬ ನಾಯಿ ಹಂದಿಯೊಡನೆ ಹೋರಾಡಿ ಸತ್ತಿತು. ಅದಕ್ಕೆ ಕಲ್ಲು ನಿಲ್ಲಿಸಿ ಪೂಜೆಗೆ ಭೂಮಿ ಬಿಟ್ಟರು. ನಮ್ಮ ಪರವಾಗಿ ತೋರಿದ ಹಲ್ಲು ಶೌರ್ಯ. ತನ್ನ ಪರವಾಗಿ ತೋರಿದರೆ ದ್ರೋಹ.

ಗುರುಗುಟ್ಟದೆ ಇರುವುದೂ ಕೆಲವೊಮ್ಮೆ ಗಾಯದ ಗುರುತೇ. 1967ರಲ್ಲಿ ಅಮೆರಿಕದ ಸೆಲಿಗ್‌ಮನ್ ಮತ್ತು ಮೇಯರ್ ಪ್ರಕಟಿಸಿದ ಪ್ರಯೋಗದಲ್ಲಿ ನಾಯಿಗಳಿಗೆ ತಪ್ಪಿಸಿಕೊಳ್ಳಲಾಗದ ವಿದ್ಯುದಾಘಾತ ಕೊಟ್ಟಿದ್ದರು. ಆಮೇಲೆ ಅವನ್ನು ಒಂದು ತಗ್ಗು ಗೋಡೆ ಹಾರಿದರೆ ಪಾರಾಗಬಹುದಾದ ಸ್ಥಳದಲ್ಲಿಟ್ಟರೂ, ಅನೇಕ ನಾಯಿಗಳು ಹಾರಲಿಲ್ಲ, ಬಿದ್ದುಕೊಂಡು ನೋವುಂಡವು. ಅಂಥ ಪ್ರಯೋಗ ಮಾಡಬಹುದಾಗಿತ್ತೇ ಎಂಬುದು ಬೇರೆಯೇ ಪ್ರಶ್ನೆ. ಸುಮಾರು ಐವತ್ತು ವರ್ಷಗಳ ನಂತರ, 2016ರಲ್ಲಿ, ಅದೇ ಇಬ್ಬರು ತಮ್ಮ ತೀರ್ಮಾನವನ್ನು ತಿದ್ದಿಕೊಂಡರು: ಸುದೀರ್ಘ ಹಿಂಸೆಯಲ್ಲಿ ಸುಮ್ಮನಾಗಿ ಬಿದ್ದುಕೊಳ್ಳುವುದು ಪ್ರಾಣಿಯ ಸಹಜ ಪ್ರತಿಕ್ರಿಯೆ, ತಾನೇನಾದರೂ ಮಾಡಿದರೆ ಫಲವುಂಟು ಎಂಬ ನಂಬಿಕೆಯೇ ಅದು ಕಲಿತು ಪಡೆಯಬೇಕಾದದ್ದು.

ಇದನ್ನು ಓದಿದಾಗ ಮುದುಕನ ಮಾತಿನ ಅರ್ಥ ನನಗೆ ಇನ್ನಷ್ಟು ಬಿಚ್ಚಿಕೊಂಡಿತು. ಗುರುಗುಟ್ಟುವ ನಾಯಿ ಇನ್ನೂ ನಂಬಿಕೆಯಿರುವ ನಾಯಿ. ಹೇಳಿದರೆ ಈ ಮನುಷ್ಯ ಕೇಳಿಯಾನು, ಒಂದು ಹೆಜ್ಜೆ ಹಿಂದೆ ಸರಿದಾನು, ಕಚ್ಚುವ ಪ್ರಸಂಗವೇ ಬಾರದಿರಬಹುದು ಎಂಬ ಆಸೆ ಆ ದನಿಯಲ್ಲಿದೆ. ಆಸೆ ಪೂರ್ತಿ ಸತ್ತರೆ ಎರಡೇ ದಾರಿ: ಬಿದ್ದುಕೊಂಡು ಸಹಿಸುವುದು, ಇಲ್ಲವೇ ಸದ್ದಿಲ್ಲದೆ ಕಚ್ಚುವುದು. ಕರಿಯನನ್ನು ನಾನು ಮೊದಲನೆಯದಕ್ಕೆ ತಳ್ಳಿದೆನೆಂದು ಹಿಗ್ಗಿದ್ದೆ. ಅದರ ಬೆನ್ನಿಗೇ ಎರಡನೆಯದು ಕಾದು ಕುಳಿತಿತ್ತು.

ಮಹಾಭಾರತದ ಆದಿಪರ್ವದ ಮೊದಲಿಗೇ ಒಂದು ನಾಯಿಮರಿಯ ಕಥೆ ಬರುತ್ತದೆ. ಜನಮೇಜಯನ ಯಾಗಶಾಲೆಗೆ ಬಂದ ಸರಮೆಯ ಮಗನನ್ನು ರಾಜನ ತಮ್ಮಂದಿರು ಹೊಡೆದಟ್ಟಿದರು. ಅದು ಅಳುತ್ತ ತಾಯಿಯ ಬಳಿ ಹೋಯಿತು. ಸರಮೆ ಯಾಗಶಾಲೆಗೆ ಬಂದು ಕೇಳಿದಳು: ನನ್ನ ಮಗ ಹವಿಸ್ಸನ್ನು ಮುಟ್ಟಲಿಲ್ಲ, ಕಣ್ಣೆತ್ತಿಯೂ ನೋಡಲಿಲ್ಲ, ಏಕೆ ಹೊಡೆದಿರಿ? ಅವರಲ್ಲಿ ಉತ್ತರವಿರಲಿಲ್ಲ. ತಪ್ಪು ಮಾಡದವನನ್ನು ಹೊಡೆದ ನಿಮಗೆ ಕಾಣದ ಕಡೆಯಿಂದ ಭಯ ಬರಲಿ ಎಂದು ಅವಳು ಶಪಿಸಿದಳು. ಚಿಕ್ಕಂದಿನಲ್ಲಿ ಇದನ್ನು ದೇವಶುನಿಯ ಪವಾಡವೆಂದು ಓದಿದ್ದೆ. ಈಗ ಇದು ಬರಿಯ ಕಾರ್ಯಕಾರಣವೆಂದು ತೋರುತ್ತದೆ. ಹೊಡೆಸಿಕೊಂಡ ಮರಿ ಬೆಳೆಯುತ್ತದೆ, ಬೇರೆ ಓಣಿಗೆ ಹೋಗುತ್ತದೆ, ಅಲ್ಲಿ ಹೊಡೆಯದವನ ಎದುರು ಗುರುಗುಟ್ಟುತ್ತದೆ. ಭಯ ಕಾಣದ ಕಡೆಯಿಂದ ಬರುವುದು ಹೀಗೆಯೇ. ಜನಮೇಜಯನ ತಮ್ಮಂದಿರು ಆ ಹೊತ್ತಿಗೆ ಅಲ್ಲಿರುವುದೇ ಇಲ್ಲ.

ಇಷ್ಟು ಹೇಳಿ ನಿಲ್ಲಿಸಿದರೆ ನನ್ನ ವಾದ ಒಂದೇ ಕಣ್ಣಿನದಾದೀತು. ಕೆನ್ನೆ ಹರಿದ ಮಗುವಿನ ಮುಂದೆ ನಿಂತು ನಾಯಿಯ ಪೂರ್ವಕಥೆ ಹೇಳುವವನು ಕಟುಕನೇ ಸರಿ. ನೋವುಂಡದ್ದರಿಂದ ಹಲ್ಲು ಮೊಂಡಾಗುವುದಿಲ್ಲ. ರೇಬೀಸ್ ಲಕ್ಷಣ ಕಾಣಿಸಿದ ಮೇಲೆ ಉಳಿದವರು ಇಲ್ಲವೆನ್ನುವಷ್ಟು ವಿರಳ. ಕಚ್ಚಿಸಿಕೊಂಡವರು ಗಾಯವನ್ನು ಸೋಪು ನೀರಿನಿಂದ ಹದಿನೈದು ನಿಮಿಷ ತೊಳೆದು, ಅಂದೇ ಆಸ್ಪತ್ರೆಗೆ ಹೋಗಬೇಕು. ಗುರುಗುಟ್ಟಿದ್ದಕ್ಕೆಲ್ಲ ಹಳೆಯ ಪೆಟ್ಟೇ ಕಾರಣವೆಂದೂ ಅಲ್ಲ. ಕೀಲುನೋವು, ಕಿವಿಯ ಹುಣ್ಣು, ಹೊಸದಾಗಿ ಹಾಕಿದ ಮರಿಗಳು, ಎಳವೆಯ ಮೊದಲ ಮೂರು ತಿಂಗಳು ಮನುಷ್ಯರ ಸಹವಾಸ ಕಾಣದಿರುವುದು, ಹುಟ್ಟುಗುಣ—ಎಲ್ಲವೂ ಸೇರಿರಬಹುದು. ನಮಗೆ ಗೊತ್ತಿಲ್ಲದ ಬಾಲ್ಯವನ್ನು ಕಲ್ಪಿಸಿ ಮರುಗುವುದೂ ಒಂದು ಬಗೆಯ ಸೋಮಾರಿತನವೇ.

ಆದರೂ ತೀರ್ಪು ಕೊಡುವ ಮುನ್ನ ಮಾತನ್ನೂ ಕೃತ್ಯವನ್ನೂ ಬೇರೆ ಮಾಡಬೇಡವೇ? 2025ರ ಆಗಸ್ಟ್ 22ರಂದು ಸುಪ್ರೀಂ ಕೋರ್ಟು ಬೀದಿನಾಯಿಗಳ ಬಗ್ಗೆ ಕೊಟ್ಟ ಆದೇಶದಲ್ಲಿ, ಸಂತಾನಶಕ್ತಿಹರಣ ಮಾಡಿ ಲಸಿಕೆ ಹಾಕಿದ ನಾಯಿಗಳನ್ನು ಹಿಡಿದಲ್ಲಿಗೇ ಬಿಡಬೇಕು, ರೇಬೀಸ್ ತಗುಲಿದ ಅಥವಾ ತಗುಲಿರಬಹುದೆಂಬ ಶಂಕೆಯಿರುವ ನಾಯಿಗಳನ್ನೂ ಆಕ್ರಮಣಕಾರಿ ನಾಯಿಗಳನ್ನೂ ಬಿಡಕೂಡದು ಎಂದಿತ್ತು. ಆಕ್ರಮಣಕಾರಿ ಎಂಬ ಆ ಒಂದು ಪದದ ಮೇಲೆ ಎಷ್ಟೋ ಜೀವಗಳು ತೂಗುತ್ತವೆ. ಬೆನ್ನಟ್ಟಿ ಕಚ್ಚುವುದು ಆಕ್ರಮಣ. ದೂರ ನಿಲ್ಲು ಎನ್ನುವುದು? ಅದು ಆಕ್ರಮಣವನ್ನು ತಪ್ಪಿಸುವ ಪ್ರಯತ್ನ. ನಾವು ಮಾಡಬೇಕಾದದ್ದು ದೊಡ್ಡದೇನಲ್ಲ: ನಿಲ್ಲಬೇಕು, ಕಣ್ಣಲ್ಲಿ ಕಣ್ಣಿಟ್ಟು ನೋಡದೆ ಮೆಲ್ಲಗೆ ಹಿಂದೆ ಸರಿಯಬೇಕು, ಮಕ್ಕಳಿಗೆ ಈ ದನಿಯ ಅರ್ಥವನ್ನು ಹೇಳಿಕೊಡಬೇಕು. ಸಾಕಿದ ನಾಯಿಯಾದರೆ ಏನನ್ನು ಕಂಡು ಗುರ್ರೆನ್ನುತ್ತದೆ ಎಂದು ಗಮನಿಸಿ, ಅದನ್ನು ದೂರದಿಂದ, ನಿಧಾನವಾಗಿ, ತಿನಿಸಿನೊಡನೆ ಮತ್ತೆ ಪರಿಚಯಿಸಬೇಕು. ಇದು ತಿಂಗಳುಗಳ ಕೆಲಸ. ಬರಲಿನ ಕೆಲಸ ಬೇಗ ಮುಗಿಯುತ್ತದೆ. ಅದರ ಆಕರ್ಷಣೆಯೇ ಅದು.

ನಾನು ಪಾಠ ಹೇಳುವವನು. ತರಗತಿ ನಿಶ್ಶಬ್ದವಾಗಿದ್ದರೆ ಶಿಸ್ತಿದೆ ಎಂದು ಸಂತೋಷಪಟ್ಟ ದಿನಗಳು ಬಹಳ ಇವೆ. ಯಾವನೋ ಹುಡುಗ ಒರಟಾಗಿ ಎದುರು ಮಾತಾಡಿದಾಗ, ನನ್ನ ಯಾವ ಮಾತು ಅವನ ಯಾವ ಹಳೆಯ ಗಾಯಕ್ಕೆ ತಾಗಿತೆಂದು ವಿಚಾರಿಸಿದ ದಿನಗಳು ಕಡಿಮೆ. ನೊಂದವರು ನಮಗೆ ಹಿತವಾಗುವ ದನಿಯಲ್ಲೇ ನೋವನ್ನು ಹೇಳಬೇಕೆಂದು ನಾವು ಬಯಸುತ್ತೇವೆ. ಅವರು ಹಾಗೆ ಹೇಳಲಾರರು; ನಾವೂ ಕೇಳಿಸಿಕೊಳ್ಳಲಾರೆವು.

ಅಂದು ದೋರನಹಳ್ಳಿಯ ಹೊಲದಿಂದ ಹೊರಡುವಾಗಲೂ ನನ್ನ ಚಪ್ಪಲಿ ಕಿತ್ತೇ ಇತ್ತು. ಅದನ್ನು ಕಾಲಿನಲ್ಲಿ ಎಳೆಯುತ್ತ ರಸ್ತೆಯವರೆಗೂ ನಡೆದು, ನಾಯಿ ಕಣ್ಣಿಗೆ ಮರೆಯಾದ ಮೇಲೆ ಬಾಗಿ ಉಂಗುಟ ಸರಿಮಾಡಿಕೊಂಡೆ. ಸುಮಾರು ನೂರು ಹೆಜ್ಜೆಯ ತೊಂದರೆ. ಕರಿಯನ ಕತ್ತನ್ನು ಮುಟ್ಟದೆ ಬಿಡುವುದು ಅದಕ್ಕಿಂತಲೂ ಸುಲಭವಾಗಿತ್ತು.