ಎರಡನೆಯ ಪ್ರತಿ

ವಾಸ್ಕೋದ ನಮ್ಮ ಬಾಡಿಗೆ ಮನೆಯ ಕಪಾಟಿನಲ್ಲಿ, ಎಲ್‌ಐಸಿ ಪಾಲಿಸಿಗಳ ಮೇಲೆ, ಒಂದು ಡಿವಿಡಿ ಇದೆ. ಅದರ ಮೇಲೆ ನನ್ನ ಮಗನ ಎಳೆಯ ಅಕ್ಷರದಲ್ಲಿ ‘ಹನುಮಾನ್ – 2’ ಎಂದು ಬರೆದಿದೆ. 2013ರಿಂದ ಅದನ್ನು ಯಾರೂ ಆಡಿಲ್ಲ, ಬಿಸಾಡಿಯೂ ಇಲ್ಲ. ಒಂದು ಬಿಲ್ಲೆಯ ಬಗ್ಗೆ ಇಷ್ಟು ಯೋಚಿಸಬೇಕೇ ಎಂದು ನನ್ನಾಕೆ ನಗುತ್ತಾಳೆ. ಗುಮಾಸ್ತನಾದವನಿಗೆ ಸಣ್ಣ ಮೊತ್ತದ ವ್ಯತ್ಯಾಸವೇ ಹೆಚ್ಚು ಕಾಡುವುದು. ಲಕ್ಷದ ತಪ್ಪು ಕಣ್ಣಿಗೆ ಬೀಳುತ್ತದೆ. ಹತ್ತು ಪೈಸೆಯದು ರಾತ್ರಿಯೆಲ್ಲ ಕೂರಿಸುತ್ತದೆ.

ನಡೆದದ್ದು ಇಷ್ಟು. ಕಾಸರಗೋಡಿನ ಕಡೆಯಿಂದ ನೌಕರಿಗಾಗಿ ಗೋವಾಕ್ಕೆ ಬಂದ ನಾನು 2011ರ ದೀಪಾವಳಿಗೆ ಮಗನಿಗೆ ಪ್ಲೇಸ್ಟೇಷನ್ 2 ಎಂಬ ಆಟದ ಯಂತ್ರವನ್ನು ಕೊಂಡೆ. ಜೊತೆಗೆ ‘ಹನುಮಾನ್: ಬಾಯ್ ವಾರಿಯರ್’ ಎಂಬ ಆಟದ ಬಿಲ್ಲೆ. ಅದು 2009ರಲ್ಲಿ ಹೈದರಾಬಾದಿನ ಅರೋನಾ ಎಂಬ ಸಂಸ್ಥೆಯಲ್ಲಿ ತಯಾರಾದದ್ದು. ಅಂಜನೇಯನನ್ನು ಗುಂಡಿಯೊತ್ತಿ ಕುಣಿಸುವುದು ಸರಿಯೇ ಎಂದು ಆಗ ಕೆಲವರು ಆಕ್ಷೇಪಿಸಿದ್ದೂ ಉಂಟು. ನಮ್ಮ ಮನೆಯಲ್ಲಿ ಆ ಪ್ರಶ್ನೆ ಏಳಲಿಲ್ಲ. ಯಕ್ಷಗಾನದಲ್ಲಿ ಹನುಮಂತ ಮರವೇರಿ, ಪ್ರೇಕ್ಷಕರ ನಡುವೆ ಹಾರಿ ಬರುವುದನ್ನು ಕಂಡವರಿಗೆ ಟಿ.ವಿ.ಯೊಳಗೆ ಹಾರಿದರೆ ಬೇಸರವಾಗದು.

ಮಕ್ಕಳ ಕೈ, ಕಡಲತೀರದ ಮರಳು. ತಿಂಗಳೊಳಗೆ ಬಿಲ್ಲೆಯ ಮೈಮೇಲೆ ಗೆರೆಗಳೆದ್ದವು. ಇನ್ನೂ ಓದುತ್ತಿರುವಾಗಲೇ ಕಂಪ್ಯೂಟರಿನಲ್ಲಿ ಒಂದು ನಕಲು ತೆಗೆದೆ. ಆದರೆ ಯಂತ್ರ ಅದನ್ನು ಒಪ್ಪಲಿಲ್ಲ. ಮೂಲ ಬಿಲ್ಲೆಯಲ್ಲಿ ಕಾರ್ಖಾನೆಯಲ್ಲಷ್ಟೇ ಮೂಡಿಸಲಾಗುವ ಒಂದು ಗುರುತಿರುತ್ತದೆ; ಮನೆಯ ರೈಟರ್ ಉಳಿದೆಲ್ಲವನ್ನೂ ನಕಲಿಸಿದರೂ ಅದನ್ನು ನಕಲಿಸಲಾರದು. ನಮ್ಮಲ್ಲಿ ನೋಟಿನೊಳಗಿನ ನೀರುಗುರುತು ಇದ್ದ ಹಾಗೆ. ಪೇಟೆಯ ಒಂದು ಅಂಗಡಿಯವನು ಯಂತ್ರದೊಳಗೆ ಚಿಕ್ಕದೊಂದು ಚಿಪ್ ಬೆಸೆದು ಕೊಟ್ಟ. ಗುರುತು ಕೇಳುವುದನ್ನು ಯಂತ್ರ ಬಿಟ್ಟಿತು.

ಹೊರಡುವಾಗ ಅವನು ಮೇಜಿನಡಿಯಿಂದ ಒಂದು ಪೆಟ್ಟಿಗೆ ಎಳೆದ. ಅದರ ತುಂಬ ಕಳ್ಳಪ್ರತಿಗಳು. “ಇನ್ನು ಇವೂ ನಡೆಯುತ್ತವೆ ಸಾರ್” ಎಂದ. ಒಂದು ಬಾಗಿಲು ತೆರೆದರೆ ಅದರಲ್ಲಿ ನಾನು ಕರೆದವರು ಮಾತ್ರ ಬರುವುದಿಲ್ಲವೆಂದು ಆಗ ತಿಳಿಯಿತು. ಮನೆಗೆ ಬಂದು ಮಗನಿಗೆ ಒಂದು ನಿಯಮ ಹೇಳಿದೆ: ದುಡ್ಡು ಕೊಟ್ಟು ತಂದದ್ದಕ್ಕೆ ಮಾತ್ರ ನಕಲು, ನಕಲು ಇರುವುದು ಮೂಲ ಕಳೆದುಹೋದರೆ, ಹಾಳಾದರೆ ಮಾತ್ರ. ಅವನು ತಲೆಯಾಡಿಸಿದ.

ಈ ನಿಯಮ ನನ್ನದಲ್ಲ, ದೇಶದ ಕಾನೂನಿನದೇ ಎಂದು ಆಮೇಲೆ ಓದಿ ತಿಳಿದೆ. 1957ರ ಕೃತಿಸ್ವಾಮ್ಯ ಕಾಯಿದೆಗೆ 1994ರಲ್ಲಿ ಮಾಡಿದ ತಿದ್ದುಪಡಿಯಂತೆ, ಕಂಪ್ಯೂಟರ್ ಪ್ರೋಗ್ರಾಮಿನ ಪ್ರತಿಯನ್ನು ನ್ಯಾಯವಾಗಿ ಹೊಂದಿರುವವನು ನಷ್ಟ, ನಾಶ, ಹಾನಿಗಳಿಂದ ತಾತ್ಕಾಲಿಕ ರಕ್ಷಣೆಗಾಗಿ ಅದರ ನಕಲು ಮಾಡಿಟ್ಟುಕೊಳ್ಳಬಹುದು. ಆಟದಲ್ಲಿ ಪ್ರೋಗ್ರಾಮಿನ ಜೊತೆ ಚಿತ್ರ, ಸಂಗೀತಗಳೂ ಇವೆಯಲ್ಲ ಎಂಬ ವಾದವನ್ನು ವಕೀಲರಿಗೆ ಬಿಡೋಣ. ಬೀಗ ಮುರಿಯುವುದರ ಕುರಿತು 2012ರಲ್ಲಿ 65ಎ ಎಂಬ ಕಲಮು ಬಂತು. ಹಕ್ಕನ್ನು ಉಲ್ಲಂಘಿಸುವ ಉದ್ದೇಶದಿಂದ ಮುರಿದರೆ ಎರಡು ವರ್ಷದವರೆಗೆ ಸೆರೆ, ದಂಡ. ಕಾಯಿದೆ ನಿಷೇಧಿಸದ ಉದ್ದೇಶಕ್ಕಾದರೆ ಅಡ್ಡಿಯಿಲ್ಲ; ಆದರೆ ಇನ್ನೊಬ್ಬನಿಗೆ ಮುರಿದು ಕೊಡುವವನು ಆತನ ಹೆಸರು, ವಿಳಾಸ, ಉದ್ದೇಶಗಳ ದಾಖಲೆ ಇಡಬೇಕು. ಅಂದರೆ ನಮ್ಮ ಕಾನೂನು ಬೀಗವನ್ನಷ್ಟೇ ನೋಡದೆ ಮುರಿಯುವವನ ಮನಸ್ಸನ್ನೂ ಕೇಳುತ್ತದೆ. ಅಮೆರಿಕದಲ್ಲಿ ಹೀಗಲ್ಲ. ಅಲ್ಲಿ 1980ರ ಕಾನೂನು ನಕಲಿಗೆ ಅನುಮತಿ ಕೊಟ್ಟರೆ, 1998ರ ಇನ್ನೊಂದು ಕಾನೂನು ಬೀಗ ಮುರಿಯುವುದನ್ನೇ ಸಾಮಾನ್ಯವಾಗಿ ತಡೆಯುತ್ತದೆ. ಉಣ್ಣು ಎಂದು ಹೇಳಿ ಅಡಿಗೆಮನೆಗೆ ಬೀಗ ಹಾಕಿದಂತೆ.

ನಮ್ಮ ಭಾಷೆಗಳು ಕೂಡ ಈ ವಿಷಯದಲ್ಲಿ ಎರಡು ದಿಕ್ಕಿನಿಂದ ನೋಡುತ್ತವೆ. ಕನ್ನಡದಲ್ಲಿ ‘ಕೃತಿಸ್ವಾಮ್ಯ’ ಎನ್ನುತ್ತೇವೆ. ಒತ್ತು ಒಡೆತನದ ಮೇಲೆ. ಮಲಯಾಳದಲ್ಲಿ ‘ಪಗರ್ಪವಕಾಶಂ’, ಒತ್ತು ನಕಲು ಮಾಡುವ ಹಕ್ಕಿನ ಮೇಲೆ. ಗಡಿನಾಡಿನವರಾದ ನಮಗೆ ಎರಡೂ ಕಿವಿಗೆ ಬಿದ್ದದ್ದು ಒಳ್ಳೆಯದೇ. ಇನ್ನು ಕನ್ನಡದಲ್ಲಿ ‘ನಕಲು’ ಮತ್ತು ‘ನಕಲಿ’ಗಳ ನಡುವೆ ಇರುವುದು ಒಂದು ಸ್ವರದ ಅಂತರ. ಆ ಸ್ವರ ಬಿಲ್ಲೆಯೊಳಗೆ ಎಲ್ಲೂ ಇಲ್ಲ. ಅದು ಇಟ್ಟುಕೊಂಡವನ ನಡತೆಯಲ್ಲಿದೆ.

ಪರೀಕ್ಷೆ ಬಂದದ್ದು 2013ರಲ್ಲಿ. ಪಕ್ಕದ ಓಣಿಯಲ್ಲಿ ಗದಗದ ಕಡೆಯ ಒಂದು ಕುಟುಂಬವಿತ್ತು, ತಂದೆ ಮೆಕ್ಯಾನಿಕ್. ಅವರ ಹುಡುಗನಿಗೂ ನನ್ನ ಮಗನಿಗೂ ಒಂದೇ ವಯಸ್ಸು, ಒಂದೇ ಭಾಷೆ, ಒಂದೇ ಆಟ. ಅವರ ಮನೆಯಲ್ಲೂ ಹಳೆಯದೊಂದು ಯಂತ್ರವಿತ್ತು. ಆ ಮೇ ತಿಂಗಳಲ್ಲಿ ಅವರು ಊರಿಗೆ ಮರಳಿದರು. ಹೊರಡುವ ದಿನ ನನ್ನ ಮಗ ಹನುಮಂತನ ಮೂಲ ಬಿಲ್ಲೆಯನ್ನು ಗೆಳೆಯನಿಗೆ ಉಡುಗೊರೆ ಕೊಟ್ಟ. ಸಂಜೆ ಬಂದು ನಕಲನ್ನು ಯಂತ್ರಕ್ಕೆ ಹಾಕಿ ಆಡಲು ಕುಳಿತ.

ನಾನು ಆಕ್ಷೇಪಿಸಿದೆ. ಅವನು ಹೇಳಿದ: “ಮೂಲ ಹೋದರೆ ನಕಲು ಎಂದು ನೀವೇ ಹೇಳಿದ್ದಲ್ಲವೇ ಅಪ್ಪಾ? ಈಗ ಮೂಲ ಹೋಯಿತಲ್ಲ.”

ಏಳು ವರ್ಷದ ಹುಡುಗನ ಈ ಮಾತಿಗೆ ನನ್ನಲ್ಲಿ ಉತ್ತರವಿರಲಿಲ್ಲ. ಅವನು ಮಾಡಿದ್ದು ನೀಚ ಕೆಲಸವಲ್ಲ. ಹರಕು ಗೆಳೆಯನಿಗೆ, ಹೊಸದು ತನಗೆ ಎನ್ನುವ ಲೋಕದಲ್ಲಿ ಅವನು ಅಸಲನ್ನು ಕೊಟ್ಟು ನಕಲನ್ನು ಇಟ್ಟುಕೊಂಡ. ಆದರೂ ಎಲ್ಲೋ ಲೆಕ್ಕ ತಾಳೆಯಾಗುತ್ತಿರಲಿಲ್ಲ. ಕಳೆದುಹೋಗುವುದಕ್ಕೂ ಕೊಡುವುದಕ್ಕೂ ವ್ಯತ್ಯಾಸವಿದೆ. ಕಳೆದುಕೊಂಡಾಗ ಒಬ್ಬನ ಕೈ ಬರಿದಾಗುತ್ತದೆ. ನಕಲು ಆ ಬರಿದನ್ನು ತುಂಬುತ್ತದೆ. ಕೊಟ್ಟಾಗ ಒಂದು ಕೈಯಿಂದ ಇನ್ನೊಂದು ಕೈಗೆ ಹೋಗುತ್ತದೆ. ಆಮೇಲೂ ನಾನು ಆಡಿದರೆ ಒಂದು ಬೆಲೆಗೆ ಎರಡು ಮನೆ ಆಡಿದಂತೆ. ಉಡುಗೊರೆ ಎಂದರೆ ನನ್ನಲ್ಲಿ ಅದು ಇಲ್ಲವಾಗುವುದು. ಇಲ್ಲವಾಗದೆ ಕೊಟ್ಟದ್ದರ ಖರ್ಚು ಹೈದರಾಬಾದಿನಲ್ಲಿ ಆ ಆಟ ಕಟ್ಟಿದವರ ಲೆಕ್ಕಕ್ಕೆ ಬಿತ್ತು. ಅಮೆರಿಕದ ಆ 1980ರ ಕಾನೂನಿನಲ್ಲಿ ಈ ಮಾತು ಬಿಡಿಸಿಯೇ ಇದೆ: ನಕಲನ್ನು ಇನ್ನೊಬ್ಬರಿಗೆ ದಾಟಿಸುವುದಾದರೆ ಮೂಲದ ಜೊತೆಗೇ, ಹಕ್ಕೆಲ್ಲವನ್ನೂ ಬಿಟ್ಟುಕೊಟ್ಟು ದಾಟಿಸಬೇಕು.

ಇದಕ್ಕೆ ಎದುರುವಾದವೂ ಇದೆ. ದೀಪದಿಂದ ದೀಪ ಹಚ್ಚಿದರೆ ಮೊದಲ ದೀಪ ಕುಂದುವುದಿಲ್ಲವಲ್ಲ? ಸಾವಿರ ವರ್ಷಗಳ ಹಿಂದೆ ಅದೇ ಗದಗ ಸೀಮೆಯ ಲಕ್ಕುಂಡಿಯ ಅತ್ತಿಮಬ್ಬೆ ಪೊನ್ನನ ‘ಶಾಂತಿಪುರಾಣ’ದ ಸಾವಿರ ಪ್ರತಿಗಳನ್ನು ಬರೆಸಿ ಹಂಚಿದಳು. ಅವಳನ್ನು ದಾನಚಿಂತಾಮಣಿ ಎಂದರೇ ಹೊರತು ಯಾರೂ ಕಳ್ಳಿ ಎನ್ನಲಿಲ್ಲ. ನಮ್ಮ ಭಾಗವತರು ಒಬ್ಬರ ಪ್ರಸಂಗವನ್ನು ಒಬ್ಬರು ಕೈಬರಹದಲ್ಲಿ ಇಳಿಸಿಕೊಳ್ಳದಿದ್ದರೆ ಕುಂಬಳೆಯ ಪಾರ್ತಿಸುಬ್ಬ ನಮ್ಮವರೆಗೆ ಬರುತ್ತಿದ್ದನೇ? ನಾನೇ ಕಾಲೇಜಿನ ದಿನಗಳಲ್ಲಿ ತಾಳಮದ್ದಳೆಯ ಕ್ಯಾಸೆಟ್ಟುಗಳನ್ನು ಎಷ್ಟು ಇಳಿಸಿಕೊಂಡಿಲ್ಲ! ಆಗ ಈ ಪ್ರಶ್ನೆ ನನ್ನ ತಲೆಗೇ ಬಂದಿರಲಿಲ್ಲ.

ವಾದ ಬಲವಾದದ್ದೇ. ಆದರೆ ಪೊನ್ನನ ಅನ್ನ ಪ್ರತಿಗಳ ಮಾರಾಟದಿಂದ ಬರುತ್ತಿರಲಿಲ್ಲ, ಅರಸನಿಂದ ಬರುತ್ತಿತ್ತು. ಪ್ರತಿ ಹೆಚ್ಚಿದಷ್ಟೂ ಕವಿ ಬದುಕುತ್ತಿದ್ದ. ಇಂದು ಆಟ ಕಟ್ಟುವವನಿಗೆ, ಪುಸ್ತಕ ಬರೆಯುವವನಿಗೆ, ಕ್ಯಾಸೆಟ್ಟಿನಲ್ಲಿ ಮಾತಾಡಿದ ಅರ್ಥಧಾರಿಗೆ ಸಂಬಳ ಬರುವುದು ಪ್ರತಿಗಳ ಎಣಿಕೆಯಿಂದಲೇ. ದೀಪ ಕುಂದುವುದಿಲ್ಲ ನಿಜ. ಎಣ್ಣೆ ಹೊಯ್ದವನನ್ನು ಮರೆಯಬಾರದು ಅಷ್ಟೆ.

ಹಾಗಾದರೆ ಮನೆಯಲ್ಲುಳಿದ ಆ ನಕಲನ್ನು ಮುರಿದು ಹಾಕಬೇಕೇ? ಅಂದು ಮುರಿಯಲು ಕೈಗೆತ್ತಿಕೊಂಡಿದ್ದೆ. ತಡೆದದ್ದು ನನ್ನ ಉದ್ಯೋಗದ ಒಂದು ನೆನಪು. ನೌಕರಿಗೆ ಸೇರಿದ ಹೊಸತರಲ್ಲಿ ದಿನದ ಲೆಕ್ಕ ಮುಗಿದ ಮೇಲೆ ಅದರ ಬ್ಯಾಕಪ್ ಟೇಪನ್ನು ಇನ್ನೊಂದು ಶಾಖೆಗೆ ಒಯ್ದು ಇಡುವ ಕೆಲಸ ನನ್ನದಾಗಿತ್ತು. ಒಂದೇ ಕಟ್ಟಡದಲ್ಲಿ ಎರಡೂ ಇದ್ದರೆ ಬೆಂಕಿ ಬಿದ್ದಾಗ ಎರಡೂ ಹೋಗುತ್ತವೆ ಎಂಬ ಲೆಕ್ಕ. ಸಾವಿರಾರು ಗಿರಾಕಿಗಳ ಖಾತೆಗಳು ನನ್ನ ಊಟದ ಡಬ್ಬಿಯ ಪಕ್ಕದಲ್ಲಿ, ಚೀಲದೊಳಗೆ. ಅದು ನನ್ನ ಬಳಿ ಇತ್ತು, ನನ್ನದಾಗಿರಲಿಲ್ಲ. ಇದು ಹೊಸ ಬುದ್ಧಿಯೇನಲ್ಲ. ಪೋರ್ಚುಗೀಸರ ಕಾಲದಲ್ಲಿ ಗೋವಾದಿಂದ ಲಿಸ್ಬನ್ನಿಗೆ ಹೋಗುವ ಮುಖ್ಯ ಪತ್ರಗಳನ್ನು ಎರಡು ಮೂರು ಪ್ರತಿ ಮಾಡಿ ಬೇರೆ ಬೇರೆ ಹಡಗುಗಳಲ್ಲಿ ಕಳಿಸುತ್ತಿದ್ದರು. ಒಂದನ್ನು ಸಮುದ್ರ ನುಂಗಿದರೆ ಇನ್ನೊಂದು ತಲುಪಲಿ ಎಂದು. ಆ ಪತ್ರವ್ಯವಹಾರದ ಕಟ್ಟುಗಳು ಪಣಜಿಯ ಪತ್ರಾಗಾರದಲ್ಲಿ ಇಂದಿಗೂ ಇವೆ. ಎರಡನೆಯ ಪ್ರತಿ ಒಯ್ದ ಹಡಗಿನವನು ಆ ಪತ್ರ ತನ್ನದೆಂದುಕೊಂಡಿರಲಾರ.

ಮಗನನ್ನು ಕೂರಿಸಿಕೊಂಡು ಹೇಳಿದೆ: ಬಿಲ್ಲೆ ಈಗ ನಿನ್ನ ಗೆಳೆಯನದು. ಆದ್ದರಿಂದ ಈ ನಕಲೂ ಅವನದೇ. ಅವನ ಮೂಲ ಹಾಳಾದರೆ ಬೇಕಾಗುತ್ತದೆಂದು ನಾವು ನಮ್ಮ ಕಪಾಟಿನಲ್ಲಿ ಇಟ್ಟಿದ್ದೇವೆ. ಇಡಬಹುದು, ಆಡುವಂತಿಲ್ಲ. ಅವನು ಒಂದು ವಾರ ನನ್ನೊಡನೆ ಮಾತು ಬಿಟ್ಟ. ನಾನು ಗೆದ್ದೆನೆಂದು ಅನಿಸಲಿಲ್ಲ. ಇನ್ನೊಂದು ಬಿಲ್ಲೆ ಕೊಂಡುಕೊಡಲು ಪೇಟೆ ಸುತ್ತಿದೆ, ಸಿಗಲಿಲ್ಲ. ಆ ಯಂತ್ರದ ತಯಾರಿಕೆಯೇ ಆ ವರ್ಷದ ಆರಂಭದಲ್ಲಿ ನಿಂತುಹೋಗಿತ್ತು.

ಈಗ ಅವನು ಕಾಲೇಜಿನ ಹುಡುಗ. ಕಳೆದ ಮಳೆಗಾಲ ಮುಗಿದ ಮೇಲೆ ಬಿಲ್ಲೆಯನ್ನು ಒರೆಸಿ ಕಂಪ್ಯೂಟರಿಗೆ ಹಾಕಿ ನೋಡಿದ. ಇನ್ನೂ ಓದುತ್ತದೆ. ಆದರೆ ಮನೆಯಲ್ಲಿ ಬರೆದ ಬಿಲ್ಲೆಗಳಲ್ಲಿ ಮಾಹಿತಿ ನಿಲ್ಲುವುದು ಬಣ್ಣದ ಒಂದು ಪದರದಲ್ಲಿ. ಕಾರ್ಖಾನೆಯಲ್ಲಿ ಅಚ್ಚೊತ್ತಿದ್ದರಷ್ಟು ಅದು ಬಾಳುವುದು ಕಷ್ಟ, ಗೋವಾದ ಈ ತೇವದಲ್ಲಂತೂ. ಕಾನೂನು ‘ತಾತ್ಕಾಲಿಕ’ ಎಂದದ್ದು ಬೇರೆ ಅರ್ಥದಲ್ಲಿಯೂ ನಿಜವಾಗುತ್ತಿದೆ. “ಇದರಿಂದ ಇನ್ನೊಂದು ಪ್ರತಿ ಮಾಡಿಡಲೇ?” ಎಂದು ಕೇಳಿದ. ಹಿಂದಿನಂತೆ ವಾದಿಸಲಿಲ್ಲ, ಕೇಳಿದ.

“ಅದನ್ನು ಕೇಳಬೇಕಾದದ್ದು ನನ್ನನ್ನಲ್ಲ” ಎಂದೆ. ಅವನಿಗೆ ಅರ್ಥವಾಯಿತು. ಈಗ ಗದಗದ ಆ ಗೆಳೆಯನನ್ನು ಹುಡುಕುತ್ತಿದ್ದಾನೆ. ಆತನ ಬಳಿ ಮೂಲ ಉಳಿದಿದೆಯೋ ಇಲ್ಲವೋ ತಿಳಿಯದು. ಉಳಿದಿಲ್ಲವಾದರೆ, ಅವನಿಗೆ ಕೊಡಲು ಅವನದೊಂದು ವಸ್ತು ನಮ್ಮಲ್ಲಿದೆ.