ಮರವನ್ನು ಅಪ್ಪಿದ ಕೈಗಳು

ಧ್ಯಾನಕ್ಕೆ ವೇದಭಾಗ: ಧರ್ಮೋಪದೇಶಕಾಂಡ 20:19

ಪ್ರಿಯರೇ, ಯುದ್ಧಕಾಲದಲ್ಲಿಯೂ ಹಣ್ಣಿನ ಮರಗಳಿಗೆ ಕೊಡಲಿ ಹಾಕಬಾರದೆಂದು ದೇವರು ಮೋಶೆಯ ಮೂಲಕ ಇಸ್ರಾಯೇಲ್ಯರಿಗೆ ವಿಧಿಸಿದನು. ಶತ್ರುವಿನ ಊರನ್ನು ಮುತ್ತಿದವರಿಗೇ ಈ ಅಪ್ಪಣೆಯಾದರೆ, ಸಮಾಧಾನದಿಂದ ಬಾಳುವ ನಮಗೆ ಅದು ಎಷ್ಟೋ ಹೆಚ್ಚಾಗಿ ಸಲ್ಲುವದಲ್ಲವೇ?

ಶಿರಸಿ ತಾಲೂಕಿನ ಸಾಲ್ಕಣಿ ಎಂಬ ಹಳ್ಳಿಯವರ ಸಂಗತಿಯನ್ನು ಕೇಳಿರಿ. ಆ ಸೀಮೆಯಲ್ಲಿ ಹಳೆಯ ಕಾಡನ್ನು ಕಡಿದು ತೇಗವನ್ನೂ ನೀಲಗಿರಿಯನ್ನೂ ನೆಡುತ್ತಾ ಬಂದದ್ದರಿಂದ ಒರತೆಗಳು ಬತ್ತಿದವು. ತೋಟಗಳಿಗೆ ಸೊಪ್ಪು ಕಡಿಮೆಯಾಯಿತು. 1983ನೆಯ ಸಪ್ಟಂಬರ್ 8ರಂದು ಆ ಊರಿನ ಗಂಡಸರೂ ಹೆಂಗಸರೂ ಮಕ್ಕಳೂ ಕಾಡಿಗೆ ನಡೆದುಹೋಗಿ, ಕೊಡಲಿಯ ಎದುರಿಗೆ ಮರಗಳನ್ನು ತಬ್ಬಿಕೊಂಡು ನಿಂತರು. ಹಿಮಾಲಯದ ಹಳ್ಳಿಯವರು 1973ರಿಂದ ನಡಿಸಿದ ಚಿಪ್ಕೋ ಚಳವಳಿಯೇ ಇವರಿಗೆ ಮಾದರಿಯಾಗಿತ್ತು. ಪಾಂಡುರಂಗ ಹೆಗಡೆಯವರು ಮುಂದಾಳಾಗಿದ್ದ ಈ ಕಾರ್ಯಕ್ಕೆ ಅಪ್ಪಿಕೋ ಎಂದು ಹೆಸರಾಯಿತು. ಮೂವತ್ತೆಂಟು ದಿನ ಹೀಗೆ ನಡೆದ ಮೇಲೆ ಸರಕಾರದವರು ಕಡಿಯುವ ಅಪ್ಪಣೆಯನ್ನು ಹಿಂತೆಗೆದುಕೊಂಡರು.

ಇದರಲ್ಲಿ ನಾವು ಗಮನಿಸಬೇಕಾದದ್ದೇನು? ಅವರು ಕಡಿಯುವವನ ಮೇಲೆ ಕೈಯೆತ್ತಲಿಲ್ಲ. ಕೊಡಲಿ ಹಿಡಿದವನೂ ಕೂಲಿಯವನೇ. ಅವನ ಮನೆಯಲ್ಲಿಯೂ ಹಸಿವೆಯುಂಟು. ಅವನನ್ನು ದ್ವೇಷಿಸದೆ, ಅವನ ಕೃತ್ಯಕ್ಕೆ ಮಾತ್ರ ತಮ್ಮ ಮೈಯನ್ನು ಅಡ್ಡವಾಗಿಟ್ಟರು.

ಮಲೆನಾಡಿನ ಮರಗಳಿಗೂ ಬಾದನಹಟ್ಟಿಯ ಎರೆ ಹೊಲಗಳಿಗೂ ಏನು ಸಂಬಂಧವೆನ್ನುವಿರೋ? ತುಂಗೆಯೂ ಭದ್ರೆಯೂ ಹುಟ್ಟುವದು ಮಲೆನಾಡಿನ ಕಾಡಿನಲ್ಲಿಯೇ. ಮರವಿಲ್ಲದ ನೆಲದ ಮಣ್ಣನ್ನು ಮಳೆಯು ಕೊಚ್ಚಿ ಹೊಳೆಗೆ ತರುತ್ತದೆ. 1953ರಲ್ಲಿ ಹೊಸಪೇಟೆಯ ಜಲಾಶಯವು 133 ಟಿ.ಎಂ.ಸಿ. ನೀರು ಹಿಡಿಯುತ್ತಿತ್ತು, ಹೂಳು ತುಂಬಿದ್ದರಿಂದ ಅದು ಸುಮಾರು 105ಕ್ಕೆ ಇಳಿದಿದೆ. ಎಲ್ಲಿಯೋ ಕಳೆದುಕೊಂಡ ನೆಲದ ಲೆಕ್ಕವನ್ನು ಕಾಲುವೆಯ ಕೊನೆಯಲ್ಲಿರುವ ಬಡ ರೈತನು ತೀರಿಸುತ್ತಾನೆ.

ನೀರು ಕಡಿಮೆಯಾದಾಗ ನಮ್ಮ ನಡತೆ ಹೇಗಿರುತ್ತದೆ? ಸರದಿ ತಪ್ಪಿಸಿ ಮಡೆ ತಿರುಗಿಸಿದ ನೆರೆಯವನ ಮೇಲೆ ಗುದ್ದಲಿ ಎತ್ತುವೆವೋ? ಅನ್ಯಾಯವನ್ನು ಕಂಡು ಸುಮ್ಮನಿರುವದು ಸಮಾಧಾನವಲ್ಲ, ಹೇಡಿತನ. ಹೊಡೆದಾಡುವದು ಧೈರ್ಯವಲ್ಲ, ಕೋಪ. ಊರವರು ಕೂಡಿ, ಎದ್ದು ನಿಂತು, ಬಯ್ಯದೆ, ಬಗ್ಗದೆ ತಡೆಯುವ ಮೂರನೆಯ ದಾರಿಯೊಂದುಂಟು. ನಮ್ಮ ಕರ್ತನು ಶಿಲುಬೆಯ ಮೇಲೆ ಕೈಚಾಚಿದ್ದು ಹೊಡೆಯುವದಕ್ಕಲ್ಲ, ಹೊಡೆದವರನ್ನೂ ಅಪ್ಪಿಕೊಳ್ಳುವದಕ್ಕೆ.

ಉಳಿಸು, ಬೆಳೆಸು, ಬಳಸು ಎಂಬುದು ಅಪ್ಪಿಕೋದವರ ಬೋಧೆ. ಈ ಮಳೆಗಾಲದಲ್ಲಿ ಪ್ರತಿಯೊಂದು ಮನೆಯವರು ಒಂದು ಬೇವನ್ನಾಗಲಿ ಹೊಂಗೆಯನ್ನಾಗಲಿ ನೆಟ್ಟು, ದನ ಮೇಯದಂತೆ ಮುಳ್ಳುಬೇಲಿ ಹಾಕಿ ಕಾಯಿರಿ. ಜಗಳವಾಡಿದ ನೆರೆಯವನನ್ನೂ ಆ ಕೆಲಸಕ್ಕೆ ಕರೆಯಿರಿ. ಕಾಯುವ ಕೈಗಳನ್ನೂ ದ್ವೇಷವಿಲ್ಲದ ಹೃದಯವನ್ನೂ ದೇವರು ನಮಗೆ ದಯಪಾಲಿಸಲಿ. ಆಮೆನ್.