ಪಕ್ಕದ ಜಾಗ ಖಾಲಿಯಾದಾಗ




*ಇಂದಿನ ಚಿಂತನೆ*

ಮದುವೆಗಳ ಕಾಲ ಇದು. ಎಲ್ಲರ ಮನೆಯಲ್ಲೂ ಲಗ್ನಪತ್ರಿಕೆಗಳು ಗುಡ್ಡೆ ಬಿದ್ದಿರುತ್ತವೆ. ಇಂದಿನ ಚಿಂತನೆಯೂ ಮದುವೆಮನೆಯದೇ ಆಗಲಿ.

ನಮ್ಮ ಕಡೆಯ ಮದುವೆಗಳಲ್ಲಿ ಕಳಸಗಿತ್ತಿ ಇರುತ್ತಾಳೆ. ಚರ್ಚಿನ ಮದುವೆಯಲ್ಲಿ ಮದುಮಗಳ ಜೊತೆ ಗೆಳತಿಯೊಬ್ಬಳು ನಡೆದು ಬರುತ್ತಾಳೆ. ತ್ರಿಶರಣ, ಪಂಚಶೀಲ ಹೇಳಿ ಹಾರ ಬದಲಿಸಿಕೊಳ್ಳುವ ನಮ್ಮ ಸರಳ ಮದುವೆಗಳಲ್ಲೂ ಹಾರದ ತಟ್ಟೆ ಹಿಡಿದು, ಸೆರಗು ಸರಿಮಾಡುತ್ತ ಒಬ್ಬಳು ಪಕ್ಕದಲ್ಲೇ ನಿಂತಿರುತ್ತಾಳೆ. ಆ ಹೊತ್ತಿನಲ್ಲಿ ಮದುಮಗಳಿಗೆ ಅವಳೇ ಧೈರ್ಯ. ಅವಳೇ ಬರಲಾಗುವುದಿಲ್ಲ ಎಂದರೆ?

ನನ್ನ ಹಳೆಯ ವಿದ್ಯಾರ್ಥಿನಿಯೊಬ್ಬಳಿಗೆ ಹಾಗೆ ಆಗಿದೆ. ಹಾಸ್ಟೆಲಿನಲ್ಲಿ ಮೂರು ವರ್ಷ ಒಂದೇ ಕೋಣೆಯಲ್ಲಿದ್ದ ಗೆಳತಿ ಕಲಬುರಗಿಯಿಂದ ಬರಬೇಕಿತ್ತು. ಇಬ್ಬರಿಗೂ ಒಂದೇ ಬಣ್ಣದ ಸೀರೆ ತೆಗೆದು, ರವಿಕೆ ಹೊಲಿಸಿಯೂ ಆಗಿತ್ತು. ಮದುವೆಗೆ ಹನ್ನೆರಡು ದಿನ ಇರುವಾಗ ಗೆಳತಿಯ ತಾಯಿ ಬಚ್ಚಲಲ್ಲಿ ಜಾರಿಬಿದ್ದು ಸೊಂಟದ ಮೂಳೆ ಮುರಿದುಕೊಂಡರು. ಆಪರೇಷನ್ ಆಯಿತು. ನೋಡಿಕೊಳ್ಳಲು ಮಗಳೊಬ್ಬಳೇ. "ಬರ್ಲಿಕ್ಕ ಆಗಂಗಿಲ್ಲ, ಸಿಟ್ಟಾಗಬ್ಯಾಡ" ಎಂದು ಮೆಸೇಜ್ ಕಳಿಸಿದಳು. ಇವಳು ನಾಲ್ಕು ದಿನವಾದರೂ ಉತ್ತರ ಕೊಟ್ಟಿರಲಿಲ್ಲ. ನನಗೆ ಫೋನ್ ಮಾಡಿ ಅತ್ತಳು:

"ಮೇಡಂ, ಅವರಮ್ಮನಿಗೆ ಹಾಗಾಗಿದ್ದಕ್ಕೆ ನಂಗೂ ಬೇಜಾರಿದೆ. ಆದ್ರೆ ಒಂದು ದಿನದ ಮಟ್ಟಿಗೆ ಯಾರನ್ನಾದ್ರೂ ಇಟ್ಟು ಬರಬಹುದಿತ್ತಲ್ವಾ? ನಾನಾಗಿದ್ರೆ ಹೋಗ್ತಿದ್ದೆ."

ಇದನ್ನು ಹುಡುಗಾಟದ ದುಃಖ ಎಂದು ತಳ್ಳಿಹಾಕಬಾರದು. ಸಾರನಾಥದ ಮೊದಲ ಉಪದೇಶದಲ್ಲಿ ಭಗವಾನರು ದುಃಖ ಯಾವುದು ಎಂದು ಹೇಳುವಾಗ ಹುಟ್ಟು, ಮುಪ್ಪು, ಸಾವುಗಳ ಸಾಲಿನಲ್ಲೇ ಪ್ರಿಯರ ಅಗಲಿಕೆಯನ್ನೂ, ಬಯಸಿದ್ದು ಸಿಗದಿರುವುದನ್ನೂ ಸೇರಿಸಿದ್ದಾರೆ. ಇದು ಸಣ್ಣದು, ಇದಕ್ಕೆ ಅಳಬಾರದು ಎಂಬ ವಿಂಗಡಣೆ ಅಲ್ಲಿಲ್ಲ.

ಆದರೆ ಆ ಹುಡುಗಿಯ ಮಾತನ್ನು ಸ್ವಲ್ಪ ಬಿಡಿಸಿ ನೋಡೋಣ. ಕನ್ನಡ ಪಾಠ ಮಾಡುವವರಿಗೆ ವಾಕ್ಯ ಬಿಡಿಸುವುದು ಅಭ್ಯಾಸವಲ್ಲವೇ! "ಗೆಳತಿ ಬರುವುದಿಲ್ಲ" ಎಂಬುದು ಒಂದು ವಾಕ್ಯ. ಅದು ನಡೆದ ಸಂಗತಿ. "ಅವಳಿಗೆ ನಾನು ಮುಖ್ಯಳಲ್ಲ" ಎಂಬುದು ಇನ್ನೊಂದು. ಇದನ್ನು ಗೆಳತಿ ಹೇಳಲೇ ಇಲ್ಲ. ನಾವೇ ಬರೆದು, ಕೆಳಗೆ ಅವಳ ಸಹಿ ಹಾಕಿಬಿಡುತ್ತೇವೆ. ಸಲ್ಲ ಸುತ್ತದಲ್ಲಿ ಬರುವ ಎರಡು ಬಾಣಗಳ ಮಾತು ನಮ್ಮ ಬಳಗಕ್ಕೆ ಹೊಸದಲ್ಲ. ಮೊದಲ ಬಾಣ ಹೊರಗಿನಿಂದ ಬರುತ್ತದೆ. ಎರಡನೆಯದನ್ನು ನಾವೇ ಚುಚ್ಚಿಕೊಳ್ಳುತ್ತೇವೆ.

ಹಾಗಾದರೆ ಮೊದಲ ಬಾಣದ ನೋವನ್ನು ಏನು ಮಾಡುವುದು? ಇಲ್ಲವೆಂದು ನಟಿಸುವುದೇ? ಇಲ್ಲಿ ನನಗೆ ನೆನಪಾಗುವುದು ಸಂಯುಕ್ತ ನಿಕಾಯದ ಉಕ್ಕಚೇಲ ಸುತ್ತ. ಸಾರಿಪುತ್ತರೂ ಮೊಗ್ಗಲ್ಲಾನರೂ ಪರಿನಿಬ್ಬಾಣ ಹೊಂದಿ ಹೆಚ್ಚು ಕಾಲವಾಗಿರಲಿಲ್ಲ. ವಜ್ಜಿ ನಾಡಿನಲ್ಲಿ ಗಂಗೆಯ ದಡದ ಉಕ್ಕಚೇಲದಲ್ಲಿ ಭಗವಾನರು ಭಿಕ್ಖು ಸಂಘದ ನಡುವೆ ಬಯಲಲ್ಲಿ ಕುಳಿತಿದ್ದರು. ಮೌನವಾಗಿದ್ದ ಸಂಘವನ್ನೊಮ್ಮೆ ನೋಡಿ, ಅವರಿಬ್ಬರಿಲ್ಲದ ಈ ಸಭೆ ತಮಗೆ ಬರಿದಾಗಿ ಕಾಣುತ್ತಿದೆ ಎಂದರು.

ಸಾವಿಗೂ, ಮದುವೆಗೆ ಬಾರದಿರುವುದಕ್ಕೂ ಹೋಲಿಕೆ ಸಲ್ಲದು. ನಾನು ಹೇಳುವುದು ಭಗವಾನರ ಆ ನೇರವಾದ ಮಾತಿನ ಬಗ್ಗೆ. ಎಷ್ಟೊಂದು ಭಿಕ್ಖುಗಳು ಎದುರಿಗಿದ್ದರೂ, "ನೀವೆಲ್ಲ ಇದ್ದೀರಲ್ಲ, ಏನೂ ಕೊರತೆಯಿಲ್ಲ" ಎಂದು ಅವರು ಹೇಳಲಿಲ್ಲ. ಖಾಲಿಯಾದದ್ದನ್ನು ಖಾಲಿ ಎಂದೇ ಹೇಳಿದರು. ಆದರೆ ಅದಕ್ಕಾಗಿ ಶೋಕಿಸಲಿಲ್ಲ, ಯಾರನ್ನೂ ದೂರಲಿಲ್ಲ. ದೊಡ್ಡ ಮರದ ದೊಡ್ಡ ಕೊಂಬೆ ಮುರಿದ ಹಾಗೆ ಇದು ಎಂದು ಹೇಳಿ, ನಿಮಗೆ ನೀವೇ ದ್ವೀಪವಾಗಿರಿ ಎಂದು ಸಂಘಕ್ಕೆ ಧಮ್ಮವನ್ನೇ ನೆನಪಿಸಿದರು. ಆದ್ದರಿಂದ "ನೀನಿಲ್ಲದಿದ್ದರೆ ನನ್ನ ಪಕ್ಕ ಖಾಲಿ ಅನ್ನಿಸುತ್ತೆ ಕಣೇ" ಎಂದು ಗೆಳತಿಗೆ ಹೇಳುವುದರಲ್ಲಿ ತಪ್ಪಿಲ್ಲ. ಅಷ್ಟಕ್ಕೇ ನಿಲ್ಲಿಸಬೇಕು. "ನೀನು ಹೀಗೆ ಮಾಡಬಾರದಿತ್ತು" ಎಂಬುದು ಅದರ ಬೆನ್ನಿಗೇ ಬರಬಾರದು.

ಈಗ ಆ ಗೆಳತಿ ಎಲ್ಲಿದ್ದಾಳೆ ಎಂಬುದನ್ನೂ ನೋಡಬೇಕು. ವಿನಯ ಪಿಟಕದ ಮಹಾವಗ್ಗದಲ್ಲಿ ಒಂದು ಪ್ರಸಂಗವಿದೆ. ಹೊಟ್ಟೆಯ ಬೇನೆಯಿಂದ ಭಿಕ್ಖುವೊಬ್ಬ ತನ್ನ ಮಲಮೂತ್ರದಲ್ಲೇ ಬಿದ್ದಿದ್ದ. ನೋಡಿಕೊಳ್ಳುವವರಿರಲಿಲ್ಲ. ಆನಂದರು ನೀರು ತಂದರು, ಭಗವಾನರು ನೀರು ಹೊಯ್ದರು, ಆನಂದರು ತೊಳೆದರು. ಆಮೇಲೆ ಭಗವಾನರು ತಲೆಯ ಕಡೆ, ಆನಂದರು ಕಾಲಿನ ಕಡೆ ಹಿಡಿದೆತ್ತಿ ಮಂಚದ ಮೇಲೆ ಮಲಗಿಸಿದರು. ನನ್ನ ಸೇವೆ ಮಾಡಬಯಸುವವರು ರೋಗಿಯ ಸೇವೆ ಮಾಡಲಿ ಎಂಬ ಉಪದೇಶ ಬಂದದ್ದು ಆಗಲೇ. ತಾಯಿಗೆ ಬೆಡ್‌ಪ್ಯಾನ್ ಇಡುತ್ತಿರುವ ಮಗಳು ನಿಂತಿರುವುದೂ ಅಂಥ ಜಾಗದಲ್ಲೇ. ಅಲ್ಲಿಂದ ಅವಳನ್ನು ಎಬ್ಬಿಸಿ ಮಂಟಪಕ್ಕೆ ಕರೆಯುವುದು ನ್ಯಾಯವೇ?

ದೀಘ ನಿಕಾಯದ ಸಿಗಾಲೋವಾದ ಸುತ್ತದಿಂದ ನಾವು ಗಂಡಹೆಂಡಿರ ಐದೈದು ಕರ್ತವ್ಯಗಳನ್ನು ತೆಗೆದು ಮದುವೆಯಲ್ಲಿ ಹೇಳಿಸುತ್ತೇವೆ. ಅದೇ ಸುತ್ತದಲ್ಲಿ ನಿಜವಾದ ಗೆಳೆಯರ ನಾಲ್ಕು ಬಗೆಗಳೂ ಇವೆ. ಸುಖದಲ್ಲೂ ದುಃಖದಲ್ಲೂ ಒಂದೇ ಸಮನಾಗಿರುವವರು ಅದರಲ್ಲೊಂದು. ಆ ಹುಡುಗಿಗೆ ನಾನು ಕೇಳಿದ್ದು ಇಷ್ಟೇ: "ಸುಖ ನಿನ್ನ ಮನೆಯಲ್ಲಿದೆ, ದುಃಖ ಅವಳ ಮನೆಯಲ್ಲಿದೆ. ಈ ಹೊತ್ತು ಯಾರು ಯಾರ ಪಕ್ಕ ನಿಲ್ಲಬೇಕಮ್ಮಾ?"

ಅವಳು ಸುಮ್ಮನಾದಳು. ಸಂಜೆ ಕಲಬುರಗಿಗೆ ಫೋನ್ ಮಾಡಿದಳಂತೆ. ಮದುವೆಯ ಮಾತು ಬಂದದ್ದೇ ಕೊನೆಗಂತೆ. ಅದಕ್ಕೂ ಮೊದಲು ಅಮ್ಮ ವಾಕರ್ ಹಿಡಿದು ನಾಲ್ಕು ಹೆಜ್ಜೆ ಇಟ್ಟ ಸುದ್ದಿಯೇ ಮಾತೆಲ್ಲ. ಬೇಸರ ಪೂರ್ತಿ ಹೋಗಿದೆ ಎಂದು ಅವಳು ಹೇಳಲಿಲ್ಲ, ನಾನೂ ಕೇಳಲಿಲ್ಲ.

ಇಂಥ ಸಂದರ್ಭ ಯಾರ ಮನೆಯಲ್ಲೂ ಬರಬಹುದು. ಆಗ ನೆನಪಿಡಬೇಕಾದ ಕೆಲವು ಮಾತುಗಳು:

*1.* ಬಾರದವರಿಗೆ ಮೊದಲ ಉತ್ತರ ಬೇಗ ಹೋಗಲಿ. ಅದರಲ್ಲಿ ಅವರ ಕಷ್ಟದ ವಿಚಾರಣೆ ಇರಲಿ. ನಮ್ಮ ಮೌನ ಅವರಿಗೆ ಇನ್ನೊಂದು ಹೊರೆ.

*2.* ಆ ಜಾಗಕ್ಕೆ ತಂಗಿಯನ್ನೋ ಚಿಕ್ಕಮ್ಮನ ಮಗಳನ್ನೋ ಕರೆಯುವಾಗ "ಅವಳ ಬದಲು ನೀನು ಬಾ" ಎನ್ನಬೇಡಿ. "ನೀನು ನನ್ನ ಜೊತೆ ಇರು" ಎನ್ನಿ. ಬದಲಿ ಎನ್ನಿಸಿಕೊಳ್ಳುವುದು ಯಾರಿಗೂ ಹಿತವಲ್ಲ.

*3.* "ಎಲ್ಲಿ ನಿನ್ನ ಫ್ರೆಂಡು?" ಎಂದು ಹತ್ತು ಜನ ಕೇಳುತ್ತಾರೆ. "ಅವರಮ್ಮನಿಗೆ ಹುಷಾರಿಲ್ಲ, ನೋಡ್ಕೊಳ್ತಿದ್ದಾಳೆ" ಎಂಬ ಒಂದೇ ಮಾತು ಸಾಕು. ಸಮ್ಮಾವಾಚಾ ಎಂದರೆ ಇದೇ. ಅದಕ್ಕೆ ಒಂದು ನಿಟ್ಟುಸಿರು ಸೇರಿಸಿದರೂ ದೂರಾಗಿಬಿಡುತ್ತದೆ.

*4.* ಮದುವೆ ಮುಗಿದ ಮೇಲೆ ಹೊಸ ಜೋಡಿಯ ಮೊದಲ ಪ್ರಯಾಣಗಳಲ್ಲೊಂದು ಆ ಮನೆಗೇ ಆಗಲಿ. ಸಿಹಿ ಕೊಟ್ಟು, ಮಂಚದ ಪಕ್ಕ ಒಂದು ಗಂಟೆ ಕುಳಿತು ಬನ್ನಿ.

*ಇಂದಿನ ಅಭ್ಯಾಸ:* ನಮ್ಮ ಮನೆಯ ಸಮಾರಂಭಕ್ಕೆ ಬರಲಾಗದೆ ಹೋದವರೊಬ್ಬರ ಹೆಸರು ಇನ್ನೂ ಮನಸ್ಸಿನ ಮೂಲೆಯಲ್ಲಿ ಮುಳ್ಳಾಗಿ ಉಳಿದಿದ್ದರೆ, ಐದು ನಿಮಿಷ ಉಸಿರಾಟ ಗಮನಿಸುತ್ತ ಕುಳಿತು, ಅವರ ಕಡೆಗೆ ಮೆತ್ತ ಭಾವನೆ ಹರಿಸೋಣ. ಆಮೇಲೆ ಫೋನ್ ಮಾಡಿ, "ಆಗ ನಿಮ್ಮನೇಲಿ ಹೇಗಿತ್ತು?" ಎಂದು ಕೇಳೋಣ.

ಎಲ್ಲರಿಗೂ ಮಂಗಳವಾಗಲಿ.
ಸಾಧು, ಸಾಧು, ಸಾಧು 🙏